ಬಿಳಿ ಬಿಸ್ಕತ್ತು, ಕಂದು ಹೂರಣ: ಅರ್ಜೆಂಟೀನಾದ ಅಲ್ಫಾಹೋರ್ ಮನೆಯಲ್ಲಿ ಮಾಡುವ ಬಗೆ

‘ಬಿಸ್ಕತ್ತು ಕೈಗೆತ್ತಿಕೊಂಡರೆ ಪುಡಿಯಾಗುತ್ತೆ.’ ‘ಹೂರಣ ಪಕ್ಕದಿಂದ ಸೋರಿಹೋಗುತ್ತೆ.’ ಎರಡು ಬಿಸ್ಕತ್ತಿನ ನಡುವೆ ಸಿಹಿ ಹೂರಣ ಇಡುವ ಅಲ್ಫಾಹೋರ್ ಮಾಡಲು ಹೊರಟವರು ನನಗೆ ಹೇಳುವ ದೂರು ಹೆಚ್ಚುಕಮ್ಮಿ ಈ ಎರಡೇ. ಮೂರನೆಯದೊಂದಿದೆ: ‘ಚೆನ್ನಾಗೇ ಬಂತು, ಆದರೆ ಬರೀ ನಾನ್‌ಕಟಾಯಿ ತಿಂದ ಹಾಗಿತ್ತು.’ ಮೂರಕ್ಕೂ ಸಾಮಗ್ರಿಯ ಅಳತೆ ಕಾರಣವಲ್ಲ, ತೇವದ ಲೆಕ್ಕ ತಪ್ಪಿರುವುದು ಕಾರಣ. ಒಣಗಿದ ಬಿಸ್ಕತ್ತು ಮತ್ತು ಗಟ್ಟಿ ಹೂರಣ ಒಂದು ರಾತ್ರಿ ಒಟ್ಟಿಗಿದ್ದು, ಹೂರಣದ ತೇವ ಸ್ವಲ್ಪವೇ ಸ್ವಲ್ಪ ಬಿಸ್ಕತ್ತಿಗೆ ಇಳಿದಾಗ ಅದು ಅಲ್ಫಾಹೋರ್ ಆಗುತ್ತದೆ. ಅಲ್ಲಿಯವರೆಗೆ ಅದು ಎರಡು ಬಿಸ್ಕತ್ತು ಮತ್ತು ಒಂದು ಚಮಚ ಸಿಹಿ, ಅಷ್ಟೆ. ಇದನ್ನು ತಲೆಯಲ್ಲಿಟ್ಟುಕೊಂಡು ಮುಂದಿನದನ್ನು ಓದಿ.

ಹೊಸಬರಿಗೆ ಎರಡು ಮಾತು. ಸ್ಪ್ಯಾನಿಷ್‌ನಲ್ಲಿ ‘ಅಲ್’ ಎಂದು ಶುರುವಾಗುವ ಅನೇಕ ಪದಗಳ ಹಾಗೆ ಇದೂ ಅರಬ್ಬಿಯಿಂದ ಬಂದದ್ದು. ಸ್ಪೇನಿನ ದಕ್ಷಿಣ ಭಾಗ ಮುಸ್ಲಿಂ ಅರಸರ ಕೈಯಲ್ಲಿದ್ದ ಕಾಲದ ತಿಂಡಿ. ಅಲ್ಲಿನ ಮೆದಿನಾ ಸಿದೋನಿಯಾ ಊರಿನಲ್ಲಿ ಈಗಲೂ ಮಾಡುವ ಅಲ್ಫಾಹೋರ್ ಜೇನು, ಬಾದಾಮಿ, ಮಸಾಲೆ ಸೇರಿಸಿ ಬೆರಳಿನ ಹಾಗೆ ಉದ್ದಕ್ಕೆ ಉರುಟಿದ ಉಂಡೆ; ನಾವು ಮಾಡಹೊರಟಿರುವುದಕ್ಕೂ ಅದಕ್ಕೂ ಹೆಸರೊಂದೇ ಸಂಬಂಧ. ಹಡಗು ಹತ್ತಿ ದಕ್ಷಿಣ ಅಮೆರಿಕಕ್ಕೆ ಹೋದಮೇಲೆ ಅದು ಎರಡು ಬಿಸ್ಕತ್ತಿನ ನಡುವೆ ಸಿಹಿ ತುಂಬುವ ತಿಂಡಿಯಾಯಿತು. ಅರ್ಜೆಂಟೀನಾ ಒಂದರಲ್ಲೇ ಎಷ್ಟೋ ಬಗೆ. ಸಾಂತಾ ಫೆ ನಗರದ್ದು ಸಕ್ಕರೆ ಲೇಪದ್ದು. ಅಲ್ಲಿನ ಮೆರೆಂಗೋ ಎಂಬ ಅಂಗಡಿ 1851ರಿಂದ ಬಂದದ್ದು. ಕೋರ್ದೊಬಾದ್ದರಲ್ಲಿ ಹಣ್ಣಿನ ಹೂರಣ. ಕಡಲತೀರದ ಮಾರ್ ದೆಲ್ ಪ್ಲಾತಾದಲ್ಲಿ 1947ರಲ್ಲಿ ಶುರುವಾದ ಹವಾನ್ನಾ ಕಂಪನಿಯದು ಚಾಕೊಲೇಟ್ ಹೊದಿಕೆಯದು. ಅಲ್ಲಿಗೆ ರಜೆಗೆ ಹೋದವರು ಒಂದು ಪೆಟ್ಟಿಗೆ ತರದೆ ಮನೆಗೆ ಮರಳುವುದಿಲ್ಲ, ನಮ್ಮಲ್ಲಿ ಧಾರವಾಡಕ್ಕೆ ಹೋದವರು ಪೇಡೆ ತಂದ ಹಾಗೆ.

ಮನೆಯಲ್ಲಿ ಮಾಡಲು ಇವೆಲ್ಲಕ್ಕಿಂತ ಸಲೀಸಾದದ್ದು, ಅಲ್ಲಿನ ಮನೆಗಳಲ್ಲೂ ಹೆಚ್ಚಾಗಿ ಮಾಡುವುದು, ‘ಅಲ್ಫಾಹೋರ್ ದೆ ಮೈಸೇನಾ’. ಮೈಸೇನಾ ಅಂದರೆ ಕಾರ್ನ್‌ಫ್ಲೋರ್. ಅದು ಒಂದು ಬ್ರ್ಯಾಂಡಿನ ಹೆಸರು, ಆಮೇಲೆ ಪದಾರ್ಥದ ಹೆಸರೇ ಆಗಿಬಿಟ್ಟಿತು, ವನಸ್ಪತಿಗೆ ನಾವು ಡಾಲ್ಡಾ ಎಂದ ಹಾಗೆ. ಬಿಳಿ ಬಿಸ್ಕತ್ತು, ನಡುವೆ ಕಂದು ಹಾಲಿನ ಪಾಕ, ಅಂಚಿಗೆ ಕೊಬ್ಬರಿ ತುರಿ. ಹಾಲಿನ ಪಾಕಕ್ಕೆ ಅಲ್ಲಿ ‘ದುಲ್ಸೆ ದೆ ಲೆಚೆ’ ಅನ್ನುತ್ತಾರೆ, ಪದಶಃ ಹಾಲಿನ ಸಿಹಿ. ಚಿಲಿ, ಪೆರು ಕಡೆ ಇದರ ಹೆಸರು ಬೇರೆ, ಸಾಮಗ್ರಿ ಅದೇ.

ಬೇಕಾದದ್ದು

ಈ ಅಳತೆಗೆ 5 ಸೆಂಟಿಮೀಟರ್ ಅಗಲದ 18 ಅಲ್ಫಾಹೋರ್ ಆಗುತ್ತವೆ.

ಹೂರಣಕ್ಕೆ: ಹಾಲು 1 ಲೀಟರ್, ಸಕ್ಕರೆ 250 ಗ್ರಾಂ, ಅಡುಗೆ ಸೋಡಾ ಕಾಲು ಟೀ ಚಮಚ, ವೆನಿಲಾ ಅರ್ಧ ಟೀ ಚಮಚ.

ಬಿಸ್ಕತ್ತಿಗೆ: ಕಾರ್ನ್‌ಫ್ಲೋರ್ 150 ಗ್ರಾಂ, ಮೈದಾ 100 ಗ್ರಾಂ, ಉಪ್ಪಿಲ್ಲದ ಬೆಣ್ಣೆ 100 ಗ್ರಾಂ, ಪುಡಿ ಸಕ್ಕರೆ 75 ಗ್ರಾಂ, ಮೊಟ್ಟೆಯ ಹಳದಿ 2, ಬೇಕಿಂಗ್ ಪೌಡರ್ 1 ಟೀ ಚಮಚ, ಅಡುಗೆ ಸೋಡಾ ಒಂದು ಚಿಟಿಕೆ, ಒಂದು ನಿಂಬೆಯ ಸಿಪ್ಪೆಯ ತುರಿ, ವೆನಿಲಾ ಅರ್ಧ ಟೀ ಚಮಚ.

ಅಂಚಿಗೆ: ಸಣ್ಣಗೆ ತುರಿದ ಒಣ ಕೊಬ್ಬರಿ ಒಂದು ಬಟ್ಟಲು.

ಅಡುಗೆಮನೆಯ ತಕ್ಕಡಿ ಇದ್ದರೆ ತೆಗೆದಿಟ್ಟುಕೊಳ್ಳಿ. ಕಪ್ಪಿನ ಅಳತೆ ಕೇಳುವವರಿಗೆ ನಾನು ಕೊಡುವುದಿಲ್ಲ. ಕಾರ್ನ್‌ಫ್ಲೋರ್ ಒತ್ತಿ ತುಂಬಿದರೆ ಒಂದು ತೂಕ, ಉದುರಿಸಿ ತುಂಬಿದರೆ ಇನ್ನೊಂದು. ಈ ಹಿಟ್ಟಿನಲ್ಲಿ 30 ಗ್ರಾಂ ಆಚೀಚೆಯಾದರೂ ಬಿಸ್ಕತ್ತು ಬಿರುಕು ಬಿಡುತ್ತದೆ.

ಅಂಗಡಿಯಲ್ಲಿ ಆಗುವ ತಪ್ಪುಗಳು. ಕಾರ್ನ್‌ಫ್ಲೋರ್ ಅಂದರೆ ಗೋಬಿ ಮಂಚೂರಿಗೆ ಹಾಕುವ, ಮುಟ್ಟಿದರೆ ಕಿರ್ ಅನ್ನುವ ಅಚ್ಚ ಬಿಳಿ ಪಿಷ್ಟ. ಹಳದಿಯಾಗಿರುವ ಮೆಕ್ಕೆಜೋಳದ ಹಿಟ್ಟು ಬೇರೆ. ಮೊದಲ ಸಲ ನಾನು ಅದನ್ನೇ ತಂದು ಮಾಡಿ, ಹಲ್ಲಿಗೆ ಸಿಕ್ಕುವ ರವೆಯಂಥ ಬಿಸ್ಕತ್ತನ್ನು ಕಾಫಿಗೆ ಅದ್ದಿ ಮುಗಿಸಿದ್ದೆ. ಅಮೆರಿಕದಲ್ಲಿರುವವರು ಇನ್ನೂ ಎಚ್ಚರವಾಗಿರಬೇಕು: ಅಲ್ಲಿ ‘ಕಾರ್ನ್ ಫ್ಲೋರ್’ ಅಂತ ಬರೆದಿದ್ದರೆ ಹಳದಿ ಹಿಟ್ಟೇ ಸಿಗುವುದು, ನಿಮಗೆ ಬೇಕಾದದ್ದು ‘ಕಾರ್ನ್ ಸ್ಟಾರ್ಚ್’.

ಬೆಣ್ಣೆ ಅಂಗಡಿಯ ಉಪ್ಪಿಲ್ಲದ ಬೆಣ್ಣೆಯೇ ಆಗಲಿ. ಮನೆಯಲ್ಲಿ ಕಡೆದ ಬೆಣ್ಣೆಯಲ್ಲಿ ಮಜ್ಜಿಗೆಯ ನೀರು ಎಷ್ಟಿದೆ ಎಂದು ಹೇಳಲಾಗದು. ಅದೇ ಬೇಕೆಂದರೆ ತಣ್ಣೀರಲ್ಲಿ ಎರಡು ಸಲ ತೊಳೆದು, ಹಿಂಡಿ, ಬಟ್ಟೆಯಲ್ಲಿ ಒತ್ತಿ ಬಳಸಿ. ತುಪ್ಪ ಹಾಕಿದರೆ ಅದು ನಾನ್‌ಕಟಾಯಿಯ ದಾರಿ ಹಿಡಿಯುತ್ತದೆ.

ನಿಂಬೆಯ ತುರಿ ಅಂದರೆ ಮೇಲಿನ ಬಣ್ಣದ ಪದರ ಮಾತ್ರ, ಒಳಗಿನ ಬಿಳಿ ಕಹಿ. ನಮ್ಮ ಸಣ್ಣ ನಿಂಬೆಯ ಸಿಪ್ಪೆ ತೆಳು, ಕೈ ತಪ್ಪಿದರೆ ಕಹಿಗೇ ಇಳಿಯುತ್ತದೆ. ಗಜನಿಂಬೆ ಸಿಕ್ಕರೆ ಒಳ್ಳೆಯದು.

1. ಹಾಲಿನ ಪಾಕ

ಮೊದಲ ದಿನ ರಾತ್ರಿ ಇದೊಂದೇ ಕೆಲಸ ಇಟ್ಟುಕೊಳ್ಳಿ. ಒಂದೂವರೆ ಗಂಟೆ ಬೇಕು, ಅದರಲ್ಲಿ ಕೊನೆಯ ಅರ್ಧ ಗಂಟೆ ಒಲೆಯ ಮುಂದಿಂದ ಕದಲುವ ಹಾಗಿಲ್ಲ.

ಇದರ ಹುಟ್ಟಿನ ಬಗ್ಗೆ ಅರ್ಜೆಂಟೀನಾದಲ್ಲೊಂದು ಕಥೆಯಿದೆ. 1829ರಲ್ಲಿ ಕಾನ್ಯುವೇಲಾಸ್ ಎಂಬಲ್ಲಿ ಎದುರಾಳಿ ನಾಯಕರಾದ ರೋಸಾಸ್ ಮತ್ತು ಲವಾಯೆ ಸಂಧಾನಕ್ಕೆ ಸೇರಬೇಕಿತ್ತಂತೆ. ಬೇಗ ಬಂದ ಲವಾಯೆ ರೋಸಾಸನ ಹಾಸಿಗೆಯಲ್ಲೇ ಮಲಗಿದನಂತೆ. ಅದನ್ನು ಕಂಡು ಗಾಬರಿಯಾದ ಕೆಲಸದಾಕೆ ಒಲೆಯ ಮೇಲಿದ್ದ ಹಾಲು ಸಕ್ಕರೆಯನ್ನು ಮರೆತಳಂತೆ. ಕಥೆ ಕಥೆಯೇ. ಹಾಲನ್ನು ಒಲೆಯ ಮೇಲೆ ಮರೆತವರಿಗೆ ಏನು ಸಿಗುತ್ತದೆ ಎಂದು ಅಡುಗೆಮನೆಯಲ್ಲಿ ನಿಂತವರಿಗೆಲ್ಲ ಗೊತ್ತು: ತಳ ಸೀದ ಪಾತ್ರೆ.

ಅಗಲ ಬಾಯಿಯ, ದಪ್ಪ ತಳದ ಪಾತ್ರೆ ತೆಗೆದುಕೊಳ್ಳಿ. 1 ಲೀಟರ್ ಹಾಲಿಗೆ ಕನಿಷ್ಠ 4 ಲೀಟರ್ ಹಿಡಿಯುವಂಥದ್ದು. ಬಾಯಿ ಅಗಲವಾದಷ್ಟೂ ನೀರು ಬೇಗ ಆರುತ್ತದೆ. ಒಲೆಗಿಡುವ ಮೊದಲು ಖಾಲಿ ಪಾತ್ರೆಯನ್ನು ತೂಗಿ, ಸಂಖ್ಯೆಯನ್ನು ಬರೆದಿಟ್ಟುಕೊಳ್ಳಿ. ಯಾಕೆಂದು ಮುಂದೆ ಗೊತ್ತಾಗುತ್ತದೆ.

ಹಾಲನ್ನು ಬರೀದಾಗಿ ಒಂದು ಉಕ್ಕು ಬರಿಸಿ. ಒಡೆಯುವ ಹಾಲಾದರೆ ಈಗಲೇ ಒಡೆದು ನಿಮ್ಮ ಸಕ್ಕರೆ ಉಳಿಸುತ್ತದೆ. ಒಡೆಯಲಿಲ್ಲವೆಂದರೆ ಸಕ್ಕರೆ ಹಾಕಿ ಕರಗಿಸಿ. ಒಲೆಯಿಂದ ಇಳಿಸಿ, ಸೋಡಾವನ್ನು ಒಂದು ಚಮಚ ನೀರಿನಲ್ಲಿ ಕದಡಿ ಹಾಕಿ. ನೊರೆ ಎದ್ದು ಬರುತ್ತದೆ, ಹೆದರಬೇಡಿ. ಇಳಿಸಿ ಹಾಕಿ ಎಂದದ್ದು ಅದಕ್ಕೇ. ನೊರೆ ಇಳಿದ ಮೇಲೆ ಮತ್ತೆ ಒಲೆಗೇರಿಸಿ.

ಸೋಡಾ ಯಾಕೆ? ಹಾಲು ಬತ್ತುತ್ತಾ ಹೋದ ಹಾಗೆ ಅದರಲ್ಲಿರುವ ಹುಳಿಯೂ ಗಟ್ಟಿಯಾಗುತ್ತದೆ, ಕೊನೆಗೆ ಹಾಲು ಸಣ್ಣಗೆ ಒಡೆದು ತರಿತರಿಯಾಗುತ್ತದೆ. ಸೋಡಾ ಆ ಹುಳಿಯನ್ನು ಸಾಯಿಸುತ್ತದೆ. ಜೊತೆಗೆ ಬಣ್ಣವನ್ನೂ ಬೇಗ ತರುತ್ತದೆ. ಈ ಕಂದು ಬಣ್ಣ ಸಕ್ಕರೆ ಸುಟ್ಟು ಬಂದದ್ದಲ್ಲ. ಹಾಲಿನ ಪ್ರೋಟೀನು ಮತ್ತು ಹಾಲಿನದೇ ಸಕ್ಕರೆಯಾದ ಲ್ಯಾಕ್ಟೋಸ್ ಬಿಸಿಯಲ್ಲಿ ಕೂಡಿ ಆಗುವ ಬದಲಾವಣೆ. ಅದಕ್ಕೆ ಮೈಯಾರ್ ಕ್ರಿಯೆ ಎಂದು ಹೆಸರು. ಬ್ರೆಡ್ಡಿನ ಮೇಲ್ಮೈ ಕಂದಾಗುವುದೂ ಇದರಿಂದಲೇ. ಹಾಗಾಗಿ ಸಕ್ಕರೆಯನ್ನು ಕೆಂಪಗೆ ಕಾಯಿಸಿ ಕೆನೆ ಸುರಿಯುವ ಕ್ಯಾರಮೆಲ್ ಸಾಸು ಇದಕ್ಕೆ ಬದಲಿಯಲ್ಲ. ಅದರ ರುಚಿ ಬೇರೆ, ಮೇಲಾಗಿ ಅದು ಹರಿಯುತ್ತದೆ. ಸೋಡಾ ಕಾಲು ಚಮಚ ದಾಟಿದರೆ ಸಾಬೂನಿನ ವಾಸನೆ ಗ್ಯಾರಂಟಿ.

ಬೆಳಗಾವಿಯ ಕುಂದಾ ಬಲ್ಲವರಿಗೆ ಇಲ್ಲೊಂದು ಗುರುತು ಕೊಡುತ್ತೇನೆ. ಕುಂದಾದಲ್ಲೂ ಹಾಲು, ಸಕ್ಕರೆ, ಕಂದು ಬಣ್ಣ. ಆದರೆ ಅಲ್ಲಿ ಮೊಸರು ಹಾಕಿ ಬೇಕೆಂದೇ ಹಾಲನ್ನು ತರಿಯಾಗಿಸುತ್ತಾರೆ, ಆ ತರಿಯೇ ಅದರ ಸೊಗಸು. ಇಲ್ಲಿ ತರಿಯಾದರೆ ಸೋತಿರಿ. ನಾಲಿಗೆಯ ಮೇಲೆ ರೇಷ್ಮೆಯ ಹಾಗೆ ಜಾರಬೇಕು.

ಮಧ್ಯಮ ಉರಿಯಲ್ಲಿ, ಹಾಲು ಸದಾ ಸಣ್ಣಗೆ ಕುದಿಯುತ್ತಿರಲಿ. ಮೊದಲ ಮುಕ್ಕಾಲು ಗಂಟೆ ಐದೈದು ನಿಮಿಷಕ್ಕೊಮ್ಮೆ ತಳ ಮುಟ್ಟಿ ಕೈಯಾಡಿಸಿದರೆ ಸಾಕು. ಅರ್ಜೆಂಟೀನಾದ ಅಜ್ಜಿಯರು ಪಾತ್ರೆಗೆ ನಾಲ್ಕಾರು ಗಾಜಿನ ಗೋಲಿಗಳನ್ನು ಹಾಕುತ್ತಿದ್ದರು. ಕುದಿಗೆ ಅವು ತಳದಲ್ಲಿ ಉರುಳಾಡುತ್ತ ಅಡಿ ಹಿಡಿಯದಂತೆ ನೋಡಿಕೊಳ್ಳುತ್ತವೆ, ಟಣಟಣ ಸದ್ದು ನಿಂತರೆ ಪಾಕ ಗಟ್ಟಿಯಾಗುತ್ತಿದೆ ಎಂದು ಅರ್ಥ. ನಾನು ಗೋಲಿಯ ಬದಲು ಒಂದು ಸಣ್ಣ ಪಿಂಗಾಣಿ ತಟ್ಟೆಯನ್ನು ಬೋರಲು ಹಾಕುತ್ತೇನೆ. ಎಣಿಸಿ ಹೊರತೆಗೆಯುವ ತಲೆನೋವಿಲ್ಲ. ಪಾಕ ದಪ್ಪಗಾಗುವ ಮೊದಲೇ ಅದನ್ನು ಇಕ್ಕಳದಲ್ಲಿ ತೆಗೆದುಬಿಡಿ.

ಬಣ್ಣ ಹೀಗೆ ಬದಲಾಗುತ್ತದೆ: ಮೊದಲು ಬಾಸುಂದಿಯ ಕೆನೆಬಣ್ಣ, ಆಮೇಲೆ ಹಾಲು ಜಾಸ್ತಿಯಾದ ಕಾಫಿ, ಕೊನೆಗೆ ಜೋನಿಬೆಲ್ಲ. ಕಾಫಿ ಬಣ್ಣ ಬಂದಾಗಿನಿಂದ ಉರಿ ತಗ್ಗಿಸಿ, ಕೈ ಬಿಡದೆ ತಿರುವಿ. ಈ ಹಂತದಲ್ಲಿ ರಾಗಿ ಗಂಜಿ ಕುದಿಯುವ ಹಾಗೆ ದೊಡ್ಡ ಗುಳ್ಳೆಗಳೆದ್ದು ಒಡೆಯುತ್ತವೆ. ಕೈಗೆ ಸಿಡಿದರೆ ಅಂಟಿಕೊಂಡೇ ಸುಡುತ್ತದೆ. ಉದ್ದ ಹಿಡಿಯ ಮರದ ಸಟ್ಟುಗ ಬೇಕು, ಮಕ್ಕಳು ಅಡುಗೆಮನೆಯಿಂದ ದೂರ ಇರಲಿ.

ಯಾವಾಗ ಇಳಿಸುವುದು? ಎಲ್ಲರೂ ತಪ್ಪುವುದು ಇಲ್ಲೇ. ಬಿಸಿಯಲ್ಲಿ ತೆಳುವಾಗಿ ಕಾಣುತ್ತದೆಂದು ಇನ್ನೂ ಕಾಯಿಸಿದರೆ ಆರಿದ ಮೇಲೆ ಟಾಫಿ. ಬೇಗ ಇಳಿಸಿದರೆ ಸೋರುವ ಹೂರಣ. ಮೂರು ಪರೀಕ್ಷೆ ಹೇಳುತ್ತೇನೆ.

ಮೊದಲನೆಯದು ತೂಕ. ಪಾತ್ರೆ ಸಮೇತ ತೂಗಿ, ಖಾಲಿ ಪಾತ್ರೆಯ ತೂಕ ಕಳೆಯಿರಿ. ಒಂದು ಲೀಟರ್ ಟೋನ್ಡ್ ಹಾಲಾದರೆ ಸುಮಾರು 490 ಗ್ರಾಂ, ಕೆನೆಭರಿತ ಹಾಲಾದರೆ ಸುಮಾರು 540 ಗ್ರಾಂ ಉಳಿದಾಗ ಇಳಿಸಿ. ಕೆನೆಭರಿತ ಹಾಲಿನಲ್ಲಿ ನೀರು ಬಿಟ್ಟು ಉಳಿಯುವ ಅಂಶ ಹೆಚ್ಚು, ಅದಕ್ಕೇ ಈ ವ್ಯತ್ಯಾಸ. ಇದು ಕಣ್ಣಿನ ಅಂದಾಜಿಗಿಂತ ನಂಬಿಕಸ್ಥ. ತಕ್ಕಡಿಗೆ ಬಿಸಿ ತಾಗದ ಹಾಗೆ ಅಡಿಗೊಂದು ಮರದ ಮಣೆ ಇಟ್ಟು, ಅದರ ತೂಕವನ್ನೂ ಕಳೆಯುವುದು ಮರೆಯಬೇಡಿ.

ಎರಡನೆಯದು ತಣ್ಣನೆ ತಟ್ಟೆ. ಸ್ಟೀಲ್ ತಟ್ಟೆಯೊಂದನ್ನು ಮೊದಲೇ ಫ್ರೀಜರಿನಲ್ಲಿಟ್ಟಿರಿ. ಅದರ ಮೇಲೆ ಅರ್ಧ ಚಮಚ ಪಾಕ ಹಾಕಿ ಒಂದು ನಿಮಿಷ ಬಿಟ್ಟು ಬೆರಳಿನಿಂದ ಗೆರೆ ಎಳೆಯಿರಿ. ಗೆರೆ ಮುಚ್ಚಿಕೊಳ್ಳಬಾರದು, ತಟ್ಟೆಯನ್ನು ನೆಟ್ಟಗೆ ಹಿಡಿದರೂ ಪಾಕ ಕೆಳಗೆ ಜಾರಬಾರದು.

ಮೂರನೆಯದು ಸಟ್ಟುಗದ ದಾರಿ. ತಳದಲ್ಲಿ ಸಟ್ಟುಗ ಎಳೆದರೆ ಪಾತ್ರೆಯ ತಳ ಎರಡು ಎಣಿಕೆಯಷ್ಟು ಹೊತ್ತು ಕಾಣಬೇಕು.

ಅರ್ಜೆಂಟೀನಾದ ಅಂಗಡಿಗಳಲ್ಲಿ ಬ್ರೆಡ್ಡಿಗೆ ಸವರುವ ದುಲ್ಸೆ ದೆ ಲೆಚೆ ಒಂದು, ಮಿಠಾಯಿಗಾರರು ಬಳಸುವ ಗಟ್ಟಿಯಾದದ್ದು ಇನ್ನೊಂದು. ಎರಡನೆಯದಕ್ಕೆ ‘ರೆಪೋಸ್ತೇರೋ’ ಎನ್ನುತ್ತಾರೆ. ನಮಗೆ ಬೇಕಾದದ್ದು ಅದು. ಆಮದು ಡಬ್ಬಿ ಕೊಳ್ಳುವವರು ಆ ಪದ ಹುಡುಕಿ.

ಇಳಿಸಿದ ಮೇಲೆ ವೆನಿಲಾ ಹಾಕಿ, ಪಾತ್ರೆಯನ್ನು ತಣ್ಣೀರಿನ ಬೋಗುಣಿಯಲ್ಲಿಟ್ಟು ಬೆಚ್ಚಗಾಗುವವರೆಗೆ ತಿರುವುತ್ತಿರಿ. ಸುಮ್ಮನೆ ಬಿಟ್ಟರೆ ಮೇಲೆ ಕೆನೆಗಟ್ಟುತ್ತದೆ, ಮುಂದೆ ಮರಳಿನಂಥ ಸಕ್ಕರೆ ಹರಳೂ ಕಟ್ಟಬಹುದು. ತರಿಯಾಗಿದ್ದರೆ ಬೆಚ್ಚಗಿರುವಾಗಲೇ ಮಿಕ್ಸಿಯಲ್ಲಿ ಒಂದು ಸುತ್ತು ತಿರುಗಿಸಿ, ಎಷ್ಟೋ ಸರಿಹೋಗುತ್ತದೆ. ತಳ ಹಿಡಿದಿದ್ದರೆ ಕೆರೆಯಬೇಡಿ; ಮೇಲಿನದನ್ನು ಬೇರೆ ಪಾತ್ರೆಗೆ ಬಗ್ಗಿಸಿಕೊಳ್ಳಿ. ಸೀದ ವಾಸನೆ ಒಮ್ಮೆ ಸೇರಿದರೆ ಯಾವ ಎಸೆನ್ಸೂ ಅದನ್ನು ಮುಚ್ಚುವುದಿಲ್ಲ.

ಬೆಲ್ಲ ಹಾಕಬಹುದಾ ಎಂದು ಕೇಳುವವರಿಗೆ: ಪಾಯಸಕ್ಕೆ ಬೆಲ್ಲ ಹಾಕಿ ಹಾಲು ಒಡೆದದ್ದು ನೆನಪಿಸಿಕೊಳ್ಳಿ.

ಅಡ್ಡದಾರಿ: ಕಂಡೆನ್ಸ್ಡ್ ಮಿಲ್ಕ್

ಸಮಯವಿಲ್ಲದವರು ಒಂದು ಡಬ್ಬಿ ಸಿಹಿ ಕಂಡೆನ್ಸ್ಡ್ ಮಿಲ್ಕ್ ತನ್ನಿ. ಮುಚ್ಚಿದ ಡಬ್ಬಿಯನ್ನೇ ನೀರಲ್ಲಿ ಕುದಿಸುವ ಉಪಾಯ ಎಲ್ಲೆಡೆ ಓಡಾಡುತ್ತದೆ. ಮಾಡಬೇಡಿ. ನೀರು ಬತ್ತಿದರೆ ಡಬ್ಬಿ ಸಿಡಿಯುತ್ತದೆ, ಉಂಗುರ ಎಳೆದು ತೆಗೆಯುವ ಮುಚ್ಚಳದ ಡಬ್ಬಿಯಂತೂ ಇನ್ನೂ ದುರ್ಬಲ. ಹಾಲನ್ನು ಸ್ಟೀಲ್ ಡಬ್ಬಿಗೆ ಬಗ್ಗಿಸಿ, ಮೇಲೆ ಫಾಯಿಲ್ ಬಿಗಿದು, ಕುಕ್ಕರಿನಲ್ಲಿ ಮೂರು ಲೋಟ ನೀರಿಟ್ಟು, ಒಂದು ಕೂಗು ಬಂದ ಮೇಲೆ ಸಣ್ಣ ಉರಿಯಲ್ಲಿ 45 ನಿಮಿಷ ಬೇಯಿಸಿ. ಪ್ರೆಶರ್ ತಾನಾಗಿ ಇಳಿಯಲಿ. ತೆಗೆದಾಗ ಗಂಟುಗಂಟಾಗಿ ಕಾಣುತ್ತದೆ, ಚೆನ್ನಾಗಿ ಕಲಸಿದರೆ ನುಣ್ಣಗಾಗುತ್ತದೆ. ಮುಚ್ಚಿ ಬೇಯಿಸಿದ್ದರಿಂದ ನೀರಿನಂಶ ಕಡಿಮೆಯಾಗಿರುವುದಿಲ್ಲ. ಬಾಣಲೆಗೆ ಹಾಕಿ ಐದಾರು ನಿಮಿಷ ಮಗುಚಿ ಗಟ್ಟಿ ಮಾಡಿಕೊಳ್ಳಿ. ರುಚಿ ಮುಕ್ಕಾಲು ಪಾಲು ಬರುತ್ತದೆ. ಉಳಿದ ಕಾಲು ಪಾಲಿಗಾಗಿ ನಾನು ಒಲೆಯ ಮುಂದೆ ನಿಲ್ಲುತ್ತೇನೆ.

2. ಹಿಟ್ಟು ಕಲಸುವುದು

ಬೆಣ್ಣೆ ಬೆರಳೊತ್ತಿದರೆ ಗುಳಿ ಬೀಳುವಷ್ಟು ಮೆತ್ತಗಿರಲಿ, ಕರಗಿರಬಾರದು. ಪುಡಿ ಸಕ್ಕರೆ ಸೇರಿಸಿ ಬಣ್ಣ ತಿಳಿಯಾಗುವವರೆಗೆ ಕಡೆಯಿರಿ, ಕೈಯಲ್ಲಾದರೆ ನಾಲ್ಕೈದು ನಿಮಿಷ. ಹಳದಿಗಳನ್ನು ಒಂದೊಂದಾಗಿ, ನಂತರ ನಿಂಬೆ ತುರಿ, ವೆನಿಲಾ. ಅಲ್ಲಿನವರು ಒಂದು ಚಮಚ ಬ್ರಾಂದಿಯನ್ನೂ ಹಾಕುವುದುಂಟು, ಬಿಟ್ಟರೆ ನಷ್ಟವಿಲ್ಲ.

ಮೈದಾ, ಕಾರ್ನ್‌ಫ್ಲೋರ್, ಬೇಕಿಂಗ್ ಪೌಡರ್, ಸೋಡಾ ಒಟ್ಟಿಗೆ ಎರಡು ಸಲ ಜರಡಿ ಹಿಡಿದು ಇದಕ್ಕೆ ಸೇರಿಸಿ. ಬೆರಳ ತುದಿಯಿಂದ ಒಟ್ಟುಗೂಡಿಸಿ, ಉಂಡೆಯಾಯಿತೆಂದರೆ ನಿಲ್ಲಿಸಿ. ಚಪಾತಿ ಹಿಟ್ಟಿನ ಹಾಗೆ ನಾದಿದರೆ ಮೈದಾದ ಜಿಗುಟು ಎದ್ದು ಬಿಸ್ಕತ್ತು ಗಟ್ಟಿಯಾಗುತ್ತದೆ. ಕಾರ್ನ್‌ಫ್ಲೋರಿನಲ್ಲಿ ಆ ಜಿಗುಟು ಇಲ್ಲವೇ ಇಲ್ಲ. ಮೈದಾಕ್ಕಿಂತ ಅದನ್ನು ಹೆಚ್ಚು ಹಾಕುವುದೇ ಬಾಯಲ್ಲಿ ಕರಗಲಿ ಎಂದು. ಉಂಡೆ ಕೂಡದೆ ಪುಡಿಪುಡಿಯಾಗಿದ್ದರೆ ತಣ್ಣನೆ ಹಾಲು ಒಂದು ಟೀ ಚಮಚ, ಇನ್ನೂ ಬೇಕಾದರೆ ಇನ್ನೊಂದು. ಚಪ್ಪಟೆ ಬಿಲ್ಲೆ ಮಾಡಿ, ಮುಚ್ಚಿ, ಒಂದು ಗಂಟೆ ಫ್ರಿಜ್ಜಿನಲ್ಲಿಡಿ. ಏಪ್ರಿಲ್ ತಿಂಗಳಲ್ಲಿ ಮಾಡುವವರು ಒಂದೂವರೆ ಗಂಟೆ.

ಮೊಟ್ಟೆ ಬೇಡದವರಿಗೆ: ಎರಡು ಹಳದಿಯ ಬದಲು ಎರಡು ಟೇಬಲ್ ಚಮಚ ಕಂಡೆನ್ಸ್ಡ್ ಮಿಲ್ಕ್ ಹಾಕಿ, ಸಕ್ಕರೆಯನ್ನು 60 ಗ್ರಾಂಗೆ ಇಳಿಸಿ. ಇದನ್ನು ರಾಜಿ ಎಂದುಕೊಳ್ಳಬೇಡಿ, ಪೆರುವಿನ ಎಷ್ಟೋ ಮನೆಗಳ ಬಿಸ್ಕತ್ತಿನಲ್ಲಿ ಮೊಟ್ಟೆಯೇ ಇರುವುದಿಲ್ಲ. ಬಿಸ್ಕತ್ತು ಇನ್ನೂ ನಾಜೂಕಾಗಿರುತ್ತದೆ, ಎತ್ತುವಾಗ ಜೋಪಾನ.

3. ಲಟ್ಟಿಸುವುದು, ಕತ್ತರಿಸುವುದು

ಹಿಟ್ಟನ್ನು ಎರಡು ಪ್ಲಾಸ್ಟಿಕ್ ಹಾಳೆಗಳ ನಡುವೆ ಲಟ್ಟಿಸಿ. ಹೋಳಿಗೆ ತಟ್ಟಲು ಇಟ್ಟುಕೊಂಡಿರುವ ಹಾಳೆ ಚೆನ್ನಾಗಾಗುತ್ತದೆ, ಕತ್ತರಿಸಿ ತೊಳೆದ ಹಾಲಿನ ಪ್ಯಾಕೆಟ್ಟೂ ಆದೀತು. ದಪ್ಪ 5 ಮಿಲಿಮೀಟರ್. ತೆಳುವಾದರೆ ಹೂರಣದ ಭಾರಕ್ಕೆ ಒಡೆಯುತ್ತದೆ, ದಪ್ಪವಾದರೆ ಬಾಯೆಲ್ಲ ಹಿಟ್ಟು. ಲಟ್ಟಿಸುವಾಗ ಅಂಚು ಬಿರಿದರೆ ಹಿಟ್ಟು ತೀರಾ ತಣ್ಣಗಿದೆ ಎಂದರ್ಥ, ಹತ್ತು ನಿಮಿಷ ಹೊರಗಿಡಿ. ಅಂಟಿದರೆ ಮೈದಾ ಉದುರಿಸಬೇಡಿ, ಕಾರ್ನ್‌ಫ್ಲೋರ್ ಉದುರಿಸಿ.

ಅಚ್ಚು ಇಲ್ಲದವರಿಗೆ ಒಗ್ಗರಣೆ ಡಬ್ಬಿಯ ಒಳಗಿನ ಬಟ್ಟಲು ಸಾಕು. ನೇರ ಒತ್ತಿ ಎತ್ತಿ, ತಿರುಚಬೇಡಿ. 36 ಬಿಲ್ಲೆಗಳಾಗಬೇಕು. ಟ್ರೇಗೆ ಜೋಡಿಸಿ ಮತ್ತೆ ಹತ್ತು ನಿಮಿಷ ಫ್ರಿಜ್ಜಿಗೆ. ಈ ಹತ್ತು ನಿಮಿಷ ಬಿಟ್ಟವರ ಬಿಸ್ಕತ್ತೇ ಓವನ್ನಿನಲ್ಲಿ ಹರಡಿಕೊಳ್ಳುವುದು.

4. ಬೇಯಿಸುವುದು

ಓಟಿಜಿಯಲ್ಲಿ (ಮೇಜಿನ ಮೇಲಿಡುವ ಸಣ್ಣ ಕರೆಂಟ್ ಓವನ್) ಮೇಲಿನ ಕೆಳಗಿನ ಎರಡೂ ಕಾವಿನ ಕಡ್ಡಿ ಹಾಕಿ, 170 ಡಿಗ್ರಿಗೆ 15 ನಿಮಿಷ ಮೊದಲೇ ಕಾಯಿಸಿ. ನಡುವಿನ ಅಂತಸ್ತಿನಲ್ಲಿ ಟ್ರೇ ಇಟ್ಟು 8ರಿಂದ 10 ನಿಮಿಷ. ಗಡಿಯಾರಕ್ಕಿಂತ ಬಿಸ್ಕತ್ತನ್ನು ನೋಡಿ: ಮೇಲ್ಮೈ ಬೆಳ್ಳಗೇ ಇರಬೇಕು, ಹೊಳಪು ಹೋಗಿ ಒಣಗಿದ ಸುಣ್ಣದ ಗೋಡೆಯಂತೆ ಕಾಣಬೇಕು. ಒಂದನ್ನು ಮೆಲ್ಲಗೆ ಎತ್ತಿ ನೋಡಿದರೆ ತಳದಲ್ಲಿ ಹೊಂಬಣ್ಣದ ಛಾಯೆ ಮಾತ್ರ.

‘ಬೆಂದಿಲ್ಲ ಅನ್ನಿಸಿತು, ಇನ್ನೈದು ನಿಮಿಷ ಬಿಟ್ಟೆ’ ಎನ್ನುವ ಮಾತನ್ನು ಎಷ್ಟು ಸಲ ಕೇಳಿದ್ದೇನೋ. ಬಿಸಿಯಲ್ಲಿ ಇದು ಮೆತ್ತಗೇ ಇರುತ್ತದೆ, ಆರಿದ ಮೇಲೆ ಗಟ್ಟಿಯಾಗುತ್ತದೆ. ಕೆಂಪಗಾಯಿತೆಂದರೆ ನೀರಿನಂಶ ಪೂರಾ ಹೋಗಿ, ಒಂದು ರಾತ್ರಿಯಲ್ಲ, ನಾಲ್ಕು ರಾತ್ರಿ ಕಳೆದರೂ ಹೂರಣದ ತೇವ ಅದನ್ನು ಮೆತ್ತಗೆ ಮಾಡಲಾರದು.

ಹೊರತೆಗೆದು ಐದು ನಿಮಿಷ ಟ್ರೇಯಲ್ಲೇ ಬಿಡಿ. ಆಮೇಲೆ ದೋಸೆ ಮಗುಚುವ ಚಪ್ಪಟೆ ಸಟ್ಟುಗದಿಂದ ಎತ್ತಿ ಜಾಲರಿಯ ಮೇಲೆ ಪೂರ್ತಿ ಆರಿಸಿ. ಓಟಿಜಿಯ ಗುಬುಟಿನ ಸಂಖ್ಯೆಯನ್ನು ಪೂರ್ತಿ ನಂಬುವ ಹಾಗಿಲ್ಲ. ಮೊದಲು ಎರಡೇ ಬಿಲ್ಲೆ ಬೇಯಿಸಿ ನೋಡಿ. ಕುಕ್ಕರಿನಲ್ಲಿ ಉಪ್ಪು ಹಾಕಿ ಬೇಯಿಸುವ ವಿಧಾನ ಕೇಕಿಗೆ ಸರಿ, ಇದಕ್ಕೆ ಬೇಡ. ಕೆಳಗಿನ ಕಾವೇ ಜಾಸ್ತಿಯಾಗಿ ತಳ ಕೆಂಪಗಾಗುತ್ತದೆ.

5. ಜೋಡಿಸುವುದು

ಎರಡೂ ತಣ್ಣಗಿರಬೇಕು. ಬಿಸ್ಕತ್ತು ಉಗುರು ಬೆಚ್ಚಗಿದ್ದರೂ ಹೂರಣ ಕರಗಿ ಜಾರುತ್ತದೆ.

ಚಾಕುವಿನಲ್ಲಿ ಸವರಬೇಡಿ. ಗಟ್ಟಿ ಹೂರಣವನ್ನು ನಾಜೂಕು ಬಿಸ್ಕತ್ತಿನ ಮೇಲೆ ಎಳೆದಾಡಿದರೆ ಒಡೆಯದೆ ಇನ್ನೇನಾದೀತು? ಒಂದು ದಪ್ಪ ಕವರಿಗೆ ತುಂಬಿ, ಮೂಲೆ ಕತ್ತರಿಸಿ, ಬಿಸ್ಕತ್ತಿನ ಚಪ್ಪಟೆ ತಳದ ಮೇಲೆ ನಡುವಿಗೆ ನೆಲ್ಲಿಕಾಯಿ ಗಾತ್ರದಷ್ಟು, ಸುಮಾರು 20 ಗ್ರಾಂ, ಹಿಂಡಿ. ಇನ್ನೊಂದು ಬಿಸ್ಕತ್ತನ್ನು ತಳ ಒಳಮುಖವಾಗಿ ಮೇಲಿಟ್ಟು, ಅಂಗೈಯಿಂದ ಸಮನಾಗಿ ಒತ್ತಿ. ಹೂರಣ ಅಂಚಿನಿಂದ ಕೂದಲೆಳೆಯಷ್ಟು ಹೊರಬಂದಾಗ ನಿಲ್ಲಿಸಿ. ಕೊಬ್ಬರಿ ಅಂಟಲು ಅಷ್ಟೇ ಬೇಕು.

6. ಕೊಬ್ಬರಿ

ಹಸಿ ತೆಂಗಿನತುರಿ ಬೇಡವೇ ಬೇಡ, ಮಾರನೆಯ ದಿನಕ್ಕೆ ಹಳಸುತ್ತದೆ. ಪ್ಯಾಕೆಟ್ಟಿನ ಒಣ ತುರಿ ಬಳಸಬಹುದು. ತಿಪಟೂರು ಕಡೆಯ ಒಳ್ಳೆಯ ಉಂಡೆ ಕೊಬ್ಬರಿ ಸಿಕ್ಕರೆ ಅದಕ್ಕಿಂತ ಮೇಲು. ಕಂದು ಸಿಪ್ಪೆಯನ್ನು ಹೆರೆದು, ತುರಿಮಣೆಯ ಸಣ್ಣ ಕಣ್ಣಿನಲ್ಲಿ ತುರಿದು, ಹತ್ತು ನಿಮಿಷ ಕಾಗದದ ಮೇಲೆ ಹರಡಿ. ನಮ್ಮ ಕೊಬ್ಬರಿಯಲ್ಲಿ ಎಣ್ಣೆ ಜಾಸ್ತಿ, ಕಾಗದ ಒಂದಿಷ್ಟು ಹೀರಿಕೊಳ್ಳುತ್ತದೆ. ಮೂಸಿ ನೋಡಿ, ಕನರು ವಾಸನೆ ಇದ್ದರೆ ಬಿಡಿ. ಹುರಿಯಬೇಡಿ, ಬಿಳುಪೇ ಇದರ ಚಂದ. ಅಲ್ಫಾಹೋರನ್ನು ಗಾಡಿಯ ಗಾಲಿಯ ಹಾಗೆ ತುರಿಯ ಮೇಲೆ ಉರುಳಿಸಿ.

7. ಕಾಯುವುದು

ಗಾಳಿಯಾಡದ ಡಬ್ಬಿಯಲ್ಲಿ ಹಾಕಿ, ಕನಿಷ್ಠ 12 ಗಂಟೆ. ಒಂದನ್ನು ಈಗಲೇ ತಿಂದು ನೋಡಿ, ತಡೆಯುವುದಿಲ್ಲ. ಆದರೆ ಅದರ ಮೇಲೆ ತೀರ್ಪು ಕೊಡಬೇಡಿ. ಈಗ ಹಲ್ಲಿಟ್ಟ ಕೂಡಲೆ ಬಿಸ್ಕತ್ತು ಚೂರಾಗಿ ಹೂರಣ ಒಂದು ಕಡೆ, ಪುಡಿ ಒಂದು ಕಡೆ. ನಾಳೆ ಬೆಳಿಗ್ಗೆ ಅದೇ ಡಬ್ಬಿಯಿಂದ ತೆಗೆದದ್ದು ಹಲ್ಲಿಗೆ ಮೊದಲು ಸ್ವಲ್ಪ ತಡೆದು, ಆಮೇಲೆ ಸದ್ದಿಲ್ಲದೆ ಕುಸಿಯುತ್ತದೆ. ಎಲ್ಲಿ ಬಿಸ್ಕತ್ತು ಮುಗಿಯಿತು, ಎಲ್ಲಿ ಹೂರಣ ಶುರುವಾಯಿತು ತಿಳಿಯುವುದಿಲ್ಲ.

ತಂಪಾದ ಜಾಗದಲ್ಲಿ ನಾಲ್ಕು ದಿನ, ಫ್ರಿಜ್ಜಿನಲ್ಲಿ ಒಂದು ವಾರ ಇಡಬಹುದು. ಫ್ರಿಜ್ಜಿನಿಂದ ತೆಗೆದು ಅರ್ಧ ಗಂಟೆ ಬಿಟ್ಟು ತಿನ್ನಿ, ಇಲ್ಲದಿದ್ದರೆ ಬೆಣ್ಣೆ ಗಟ್ಟಿಯಾಗಿ ಸೀಮೆಸುಣ್ಣದ ಹಾಗಿರುತ್ತದೆ. ಹಬ್ಬಕ್ಕೆ ಮುಂಚಿತವಾಗಿ ಮಾಡುವವರು ಬಿಸ್ಕತ್ತು ಮತ್ತು ಪಾಕ ಬೇರೆ ಬೇರೆ ಇಟ್ಟುಕೊಂಡು ಹಿಂದಿನ ದಿನ ಜೋಡಿಸಿ. ಫ್ರಿಜ್ಜಿನಲ್ಲಿ ಪಾಕ ಎರಡು ವಾರ ಕೆಡದು. ಡಬ್ಬಿಗೆ ಒದ್ದೆ ಚಮಚ ಹಾಕುವವರು ಮನೆಯಲ್ಲಿದ್ದರೆ ಒಂದೇ ವಾರ.

ಹೂರಣ ಒಂದಿಷ್ಟು ಉಳಿಯುತ್ತದೆ, ದೋಸೆಗೆ ಸವರಿಕೊಂಡು ತಿನ್ನಿ. ಎರಡು ಮೊಟ್ಟೆಯ ಬಿಳಿ ಉಳಿದಿರುತ್ತವೆ, ಮಾರನೆಯ ದಿನದ ಆಮ್ಲೆಟ್ಟಿಗೆ ಸೇರಿಸಿ. ಊರಿಗೆ ಕಳಿಸುವವರು ಒಂದೊಂದನ್ನೂ ಬೇರೆ ಬೇರೆ ಬಟರ್ ಪೇಪರಿನಲ್ಲಿ ಸುತ್ತಿ, ಡಬ್ಬಿಯಲ್ಲಿ ಮಲಗಿಸದೆ ನಿಲ್ಲಿಸಿ ಜೋಡಿಸಿ. ಮಲಗಿಸಿದರೆ ಬಸ್ಸಿನ ಕುಲುಕಾಟಕ್ಕೆ ಕೆಳಗಿನ ಸಾಲಿನವು ಮೇಲಿನವುಗಳ ಭಾರ ತಡೆಯಲಾರವು.